ಕಾರ್ನೆಟ್ ವಾದಕ ಹರ್ಬರ್ಟ್ ಕ್ಲಾರ್ಕ್

ಪ್ರಶ್ನೆ: ಅಮೆರಿಕದ ಸೂಸಾ ಬ್ಯಾಂಡಿನ ಹಳೆಯ ಧ್ವನಿಮುದ್ರಿಕೆಗಳಲ್ಲಿ ಹರ್ಬರ್ಟ್ ಎಲ್. ಕ್ಲಾರ್ಕ್ ಎಂಬ ಕಾರ್ನೆಟ್ (ಟ್ರಂಪೆಟ್ ಹೋಲುವ ಊದುವ ವಾದ್ಯ) ವಾದಕರ ಹೆಸರು ಕಾಣುತ್ತದೆ. ಇವರು ಯಾರು? ಕೀರ್ತಿಯ ಶಿಖರದಲ್ಲಿದ್ದಾಗಲೇ ಆ ಬ್ಯಾಂಡನ್ನು ಬಿಟ್ಟು ಏನು ಮಾಡಿದರು? ಕಾರ್ನೆಟ್‌ನ ಜಾಗವನ್ನು ಟ್ರಂಪೆಟ್ ಆಕ್ರಮಿಸಿದ್ದನ್ನು ಅವರು ಹೇಗೆ ಕಂಡರು?

ಉತ್ತರ: ಕ್ಲಾರ್ಕ್ ಹುಟ್ಟಿದ್ದು 1867ರಲ್ಲಿ, ಮ್ಯಾಸಚೂಸೆಟ್ಸ್‌ನ ವೋಬರ್ನ್‌ನಲ್ಲಿ. ತಂದೆ ಆರ್ಗನ್ ವಾದಕರು. ಕುಟುಂಬವು ಟೊರಾಂಟೊಗೆ ಹೋದ ಮೇಲೆ ಹುಡುಗ ಅಲ್ಲಿನ ಸೇನಾ ರೆಜಿಮೆಂಟಿನ ಬ್ಯಾಂಡಿಗೆ ಸೇರಿದ. 1892ರಲ್ಲಿ ಪ್ಯಾಟ್ರಿಕ್ ಗಿಲ್ಮೋರ್ ಅವರ ಹೆಸರಾಂತ ಬ್ಯಾಂಡಿನಲ್ಲಿ ಸ್ಥಾನ ಸಿಕ್ಕಿತಾದರೂ ಅದೇ ವರ್ಷ ಗಿಲ್ಮೋರ್ ತೀರಿಕೊಂಡರು. ಮರುವರ್ಷ ಕ್ಲಾರ್ಕ್, ತಮ್ಮದೇ ಹೆಸರಿನ ಬ್ಯಾಂಡ್ ನಡೆಸುತ್ತಿದ್ದ ಜಾನ್ ಫಿಲಿಪ್ ಸೂಸಾ ಅವರ ಬಳಿ ಸೇರಿದರು. ನಡುನಡುವೆ ಬಿಟ್ಟು ಹೋದರೂ 1917ರವರೆಗೆ ಅವರ ವೃತ್ತಿಜೀವನದ ಕೇಂದ್ರ ಆ ಬ್ಯಾಂಡೇ ಆಗಿತ್ತು.

ರೇಡಿಯೊ ಇಲ್ಲದ ಆ ಕಾಲದಲ್ಲಿ ಇಂಥ ಬ್ಯಾಂಡುಗಳು ರೈಲಿನಲ್ಲಿ ಊರೂರು ಸುತ್ತಿ, ಟಿಕೆಟ್ ಕೊಂಡು ಬಂದ ಜನರ ಮುಂದೆ ನುಡಿಸುತ್ತಿದ್ದವು. ಏಕವಾದಕನು ಎದ್ದು ಬ್ಯಾಂಡಿನ ಮುಂದೆ ನಿಂತು, ಪರಿಚಿತವಾದ ಒಂದು ಮಟ್ಟನ್ನು ಮೊದಲು ಸರಳವಾಗಿ ನುಡಿಸಿ, ಆಮೇಲೆ ಅದನ್ನೇ ವೇಗದ ಸ್ವರಗುಚ್ಛಗಳಿಂದ ಬಗೆಬಗೆಯಾಗಿ ಹೆಣೆಯುವುದು ಪ್ರತಿ ಕಛೇರಿಯ ಮುಖ್ಯ ಆಕರ್ಷಣೆಯಾಗಿತ್ತು. ಕ್ಲಾರ್ಕ್ ತಮಗೆ ಬೇಕಾದ ಇಂಥ ಕೃತಿಗಳನ್ನು ತಾವೇ ರಚಿಸಿಕೊಂಡರು. ‘ಬ್ರೈಡ್ ಆಫ್ ದಿ ವೇವ್ಸ್’ ಅವುಗಳಲ್ಲೊಂದು. 1910ರ ಕೊನೆಯಲ್ಲಿ ಹೊರಟು ಇಂಗ್ಲೆಂಡ್, ದಕ್ಷಿಣ ಆಫ್ರಿಕಾ, ಆಸ್ಟ್ರೇಲಿಯಾಗಳನ್ನು ಸುತ್ತಿ ಬಂದ ಬ್ಯಾಂಡಿನ ವಿಶ್ವ ಪ್ರವಾಸದಲ್ಲೂ ಅವರಿದ್ದರು. ಧ್ವನಿಮುದ್ರಣವನ್ನು ‘ಡಬ್ಬಿಯ ಸಂಗೀತ’ ಎಂದು ಹಂಗಿಸುತ್ತಿದ್ದ ಸೂಸಾ ಸ್ಟುಡಿಯೊ ಕಡೆಗೆ ಸುಳಿಯುತ್ತಿದ್ದುದೇ ಅಪರೂಪ. ಹೀಗಾಗಿ ಸೂಸಾ ಬ್ಯಾಂಡಿನ ಹೆಸರಿನಲ್ಲಿ ಬಂದ ಎಷ್ಟೋ ಮುದ್ರಿಕೆಗಳನ್ನು ನಿರ್ದೇಶಿಸಿದವರು ವಾಸ್ತವವಾಗಿ ಕ್ಲಾರ್ಕ್ ಮತ್ತು ಅವರಂಥ ಇತರ ಸದಸ್ಯರು.

ಅವರ ಏಕವಾದನದ ಕೃತಿಗಳಿಗಿಂತ 1912ರಲ್ಲಿ ಹೊರಬಂದ ‘ಟೆಕ್ನಿಕಲ್ ಸ್ಟಡೀಸ್’ ಎಂಬ ಅಭ್ಯಾಸ ಪುಸ್ತಕವೇ ದೊಡ್ಡ ಸಾಧನೆಯೆಂಬುದು ನನ್ನ ಅಭಿಪ್ರಾಯ. ಅದರ ಮೊದಲ ಪಾಠವು ವಾದ್ಯದ ಅತಿ ಕೆಳಗಿನ ಸ್ವರದಿಂದ ಹೊರಟು, ಅರ್ಧರ್ಧ ಸ್ವರದ ಅಂತರದಲ್ಲಿ ಸ್ವಲ್ಪ ದೂರ ಏರಿ ಇಳಿಯುತ್ತದೆ. ಇದನ್ನೇ ಒಂದೇ ಉಸಿರಿನಲ್ಲಿ ಮತ್ತೆ ಮತ್ತೆ ನುಡಿಸಬೇಕು. ಮುಂದಿನ ಅಭ್ಯಾಸದಲ್ಲಿ ಅದೇ ವಿನ್ಯಾಸ ಅರ್ಧ ಸ್ವರ ಮೇಲಕ್ಕೆ ಸರಿಯುತ್ತದೆ. ಇದೆಲ್ಲವನ್ನೂ ಆದಷ್ಟು ಮೆಲ್ಲಗೆ ನುಡಿಸಬೇಕೆಂಬುದು ಅವರ ಕಟ್ಟುನಿಟ್ಟು. ಜೋರಾಗಿ ಊದಿದರೆ ತುಟಿ ಬೇಗ ದಣಿಯುತ್ತದೆ, ಉಸಿರೂ ಪೋಲಾಗುತ್ತದೆ; ಮೆಲ್ಲಗೆ ನುಡಿಸುವವನಿಗೆ ಬಲದ ಹಿಂದೆ ತಪ್ಪನ್ನು ಅಡಗಿಸುವ ಅವಕಾಶವೇ ಇರುವುದಿಲ್ಲ.

ಸೂಸಾ ಅವರನ್ನು ಬಿಟ್ಟಾಗ ಕ್ಲಾರ್ಕ್ ಅವರಿಗೆ ಐವತ್ತು ವರ್ಷ. ಮುಂದೆ ಒಂಟಾರಿಯೊದ ಹಂಟ್ಸ್‌ವಿಲ್‌ನಲ್ಲಿ ಚರ್ಮ ಹದಮಾಡುವ ಕಂಪನಿಯೊಂದರ ಬ್ಯಾಂಡನ್ನು ನಡೆಸಿದರು (ಕಂಪನಿಯ ಯಜಮಾನನಿಗೂ ಕಾರ್ನೆಟ್ ಹುಚ್ಚು!). 1923ರಿಂದ ಇಪ್ಪತ್ತು ವರ್ಷ ಕ್ಯಾಲಿಫೋರ್ನಿಯಾದ ಲಾಂಗ್ ಬೀಚ್ ನಗರದ ಬ್ಯಾಂಡನ್ನು ನಿರ್ದೇಶಿಸಿ, 1945ರಲ್ಲಿ ನಿಧನರಾದರು.

ಇನ್ನು ಟ್ರಂಪೆಟ್ ವಿಚಾರ. ಕಾರ್ನೆಟ್‌ನ ಕೊಳವೆ ಬಾಯಿಯ ಕಡೆಯಿಂದ ಕ್ರಮೇಣ ಅಗಲವಾಗುತ್ತ ಹೋಗುವುದರಿಂದ ನಾದ ಮೃದು. ಟ್ರಂಪೆಟ್‌ನದು ಬಹುದೂರ ಒಂದೇ ಅಗಲವಾಗಿರುವುದರಿಂದ ನಾದ ಹೆಚ್ಚು ತೀಕ್ಷ್ಣ. ಎಲ್ಡನ್ ಬೆಂಜ್ ಎಂಬ ಯುವಕ ಟ್ರಂಪೆಟ್‌ಗೆ ಬದಲಾಗಬಹುದೇ ಎಂದು ಕೇಳಿದಾಗ, 1921ರ ಜನವರಿಯಲ್ಲಿ ಕ್ಲಾರ್ಕ್ ಬರೆದ ಉತ್ತರ ಖಾರವಾಗಿತ್ತು: ಟ್ರಂಪೆಟ್ ಏಕವಾದನಕ್ಕಾಗಿ ಹುಟ್ಟಿದ ವಾದ್ಯವೇ ಅಲ್ಲ, ಅದು ಸದ್ಯದ ವಿದೇಶಿ ಶೋಕಿ ಎಂದರು, ಜಾಜ್ ಸಂಗೀತವನ್ನಂತೂ ಸೈತಾನನ ಕಡೆಗೆ ಸೇರಿಸಿಬಿಟ್ಟರು. ಬೆಂಜ್ ಆ ಮಾತನ್ನು ಕೇಳಲಿಲ್ಲ. ಅವರು ಮುಂದೆ ಶಿಕಾಗೊ ಸಿಂಫನಿಯಲ್ಲಿ ಟ್ರಂಪೆಟ್ ನುಡಿಸಿದರು, ತಮ್ಮದೇ ಹೆಸರಿನ ಟ್ರಂಪೆಟ್‌ಗಳನ್ನೂ ತಯಾರಿಸಿದರು. ಕ್ಲಾರ್ಕ್ ಅವರ ಅಭ್ಯಾಸ ಪುಸ್ತಕವನ್ನು ಇಂದು ಹೆಚ್ಚಾಗಿ ಬಳಸುವವರೂ ಟ್ರಂಪೆಟ್ ವಿದ್ಯಾರ್ಥಿಗಳೇ.