ಡೇರಿ ಮೆಷಿನ್ ಹೇಳುವ ಫ್ಯಾಟ್ ಎಷ್ಟು ನಿಜ?

ಓದುಗರ ಪ್ರಶ್ನೆ – ತಜ್ಞರ ಉತ್ತರ

ಪ್ರಶ್ನೆ: ವಿಜ್ಞಾನ, ತಂತ್ರಜ್ಞಾನದಿಂದ ಆರ್ಥಿಕ ಅಭಿವೃದ್ಧಿ ಆಗುತ್ತದೆ ಎಂದು ಪಠ್ಯಪುಸ್ತಕಗಳಲ್ಲೆಲ್ಲ ಇದೆ. ಉದಾಹರಣೆ ಮಾತ್ರ ಯಾವಾಗಲೂ ರಾಕೆಟ್, ಕಂಪ್ಯೂಟರ್. ಹಳ್ಳಿಯಲ್ಲೇ ಕಣ್ಣಿಗೆ ಕಾಣುವಂಥದ್ದು ಏನಾದರೂ ಇದೆಯೇ?
– ಅರ್ಥಶಾಸ್ತ್ರ ವಿದ್ಯಾರ್ಥಿನಿ, ಮೈಸೂರು

ಉತ್ತರ: ಬೆಳಿಗ್ಗೆ ಯಾವುದಾದರೂ ಹಾಲಿನ ಡೇರಿಯ ಮುಂದೆ ಅರ್ಧ ಗಂಟೆ ನಿಲ್ಲಿ. ಹಾಲು ಅಳೆಯುತ್ತಾರೆ, ಒಂದು ಚಮಚದಷ್ಟು ಸ್ಯಾಂಪಲ್ ಮೆಷಿನ್‌ಗೆ ಹೋಗುತ್ತದೆ, ಚೀಟಿ ಬರುತ್ತದೆ. ಆ ಚೀಟಿಯಲ್ಲಿರುವ ಫ್ಯಾಟ್ (ಕೊಬ್ಬು), ಎಸ್‌ಎನ್‌ಎಫ್ (ಕೊಬ್ಬು ಬಿಟ್ಟು ಹಾಲಿನಲ್ಲಿರುವ ಉಳಿದ ಘನಾಂಶ) ಎಂಬ ಎರಡು ಅಂಕಿಗಳೇ ನಿಮ್ಮ ಪ್ರಶ್ನೆಗೆ ಉತ್ತರ.

ಹಾಲನ್ನು ಬರೀ ಲೀಟರ್ ಲೆಕ್ಕದಲ್ಲಿ ಕೊಂಡರೆ ನೀರು ಬೆರೆಸಿದವರಿಗೆ ಲಾಭ, ಬೆರೆಸದವರಿಗೆ ನಷ್ಟ. ಹಾಗಾದಾಗ ಒಳ್ಳೆಯ ಹಸು ಸಾಕಲು ಯಾರು ದುಡ್ಡು ಹಾಕುತ್ತಾರೆ? 1890ರಲ್ಲಿ ಅಮೆರಿಕದ ವಿಸ್ಕಾನ್ಸಿನ್‌ನಲ್ಲಿ ಸ್ಟೀಫನ್ ಬ್ಯಾಬ್‌ಕಾಕ್, ಅದರ ಬೆನ್ನಲ್ಲೇ ಸ್ವಿಟ್ಜರ್ಲೆಂಡಿನಲ್ಲಿ ನಿಕ್ಲಾಸ್ ಗರ್ಬರ್, ಗಂಧಕಾಮ್ಲ ಹಾಕಿ ಗಿರಗಿರ ತಿರುಗಿಸಿ ಹಾಲಿನ ಕೊಬ್ಬನ್ನು ಅಳೆಯುವ ಸರಳ ವಿಧಾನ ಕಂಡುಹಿಡಿದರು. ಬ್ಯಾಬ್‌ಕಾಕ್ ಅದಕ್ಕೆ ಪೇಟೆಂಟ್ ಕೂಡ ಮಾಡಿಸಲಿಲ್ಲ. ಒಂದು ಲೀಟರ್ ಹಾಕುವವರಿಗೂ ಇಪ್ಪತ್ತು ಲೀಟರ್ ಹಾಕುವವರಿಗೂ ಒಂದೇ ದರಪಟ್ಟಿ ಅನ್ವಯಿಸಲು ಸಾಧ್ಯವಾದದ್ದು ಈ ಅಳತೆಯಿಂದ.

ಇನ್ನೊಂದು ಹೆಜ್ಜೆ ಗುಜರಾತಿನ ಆನಂದ್ ಪಟ್ಟಣದ ಅಮುಲ್ ಸಹಕಾರಿ ಡೇರಿಯದು. ಎಮ್ಮೆ ಹಾಲನ್ನು ಪುಡಿ ಮಾಡಲಾಗದು ಎಂಬುದು ಆಗಿನ ವಿದೇಶಿ ತಜ್ಞರ ಅಭಿಪ್ರಾಯ. ಅಲ್ಲಿನ ಡೇರಿ ತಂತ್ರಜ್ಞ ಎಚ್.ಎಂ. ದಲಾಯ ಅದನ್ನು ಮಾಡಿ ತೋರಿಸಿದರು. 1955ರಲ್ಲಿ ಅಲ್ಲಿ ಪುಡಿ ಕಾರ್ಖಾನೆ ಶುರುವಾಯಿತು. ಚಳಿಗಾಲದಲ್ಲಿ ಉಕ್ಕುವ ಹಾಲನ್ನು ಪುಡಿಯಾಗಿ ಎತ್ತಿಟ್ಟು ಬೇಸಿಗೆಯಲ್ಲಿ ಬಳಸಬಹುದಾದ್ದರಿಂದ 'ಇವತ್ತು ಹಾಲು ಬೇಡ' ಎಂದು ರೈತರನ್ನು ವಾಪಸ್ ಕಳಿಸುವ ಪ್ರಮೇಯ ತಪ್ಪಿತು. ಕರ್ನಾಟಕದಲ್ಲಿ ಇದೇ ಮಾದರಿಯ ಹೈನು ಯೋಜನೆ ವಿಶ್ವಬ್ಯಾಂಕ್ ನೆರವಿನಿಂದ 1974ರಲ್ಲಿ ಆರಂಭವಾಯಿತು. ಕರ್ನಾಟಕ ಹಾಲು ಮಹಾಮಂಡಳ ಎಂಬ ಈಗಿನ ರೂಪ ಬಂದದ್ದು 1984ರಲ್ಲಿ.

ಪ್ರಬಂಧ ಬರೆಯುವಾಗ ಒಂದು ಪ್ರಶ್ನೆ ಬಿಡಬೇಡಿ. ಮೇವು ತರುವವರು, ಸಗಣಿ ಬಾಚುವವರು, ಕರೆಯುವವರು ಬಹುಪಾಲು ಹೆಂಗಸರು. ಬಟವಾಡೆ ಜಮೆಯಾಗುವ ಬ್ಯಾಂಕ್ ಖಾತೆ ಯಾರ ಹೆಸರಲ್ಲಿದೆ? ಹತ್ತು ಮನೆ ಕೇಳಿ ನೋಡಿ. ಮೆಷಿನ್ ಆ ಲೆಕ್ಕ ತೋರಿಸುವುದಿಲ್ಲ.

ಪ್ರಶ್ನೆ: ಒಂದೇ ಹಸು, ಒಂದೇ ಮೇವು. ಬೆಳಿಗ್ಗೆ ಫ್ಯಾಟ್ 3.4 ಬಂದರೆ ಸಂಜೆ 4.1. ನಾವು ಒಂದು ತೊಟ್ಟು ನೀರು ಹಾಕುವುದಿಲ್ಲ. ಮೋಸ ಮೆಷಿನ್‌ದೋ, ಕಾರ್ಯದರ್ಶಿಯದೋ?
– ಹಾಲು ಉತ್ಪಾದಕಿ, ಮದ್ದೂರು ತಾಲ್ಲೂಕು

ಉತ್ತರ: ಇಬ್ಬರದೂ ಅಲ್ಲದಿರುವ ಸಾಧ್ಯತೆಯೇ ಹೆಚ್ಚು. ಸಂಜೆ 5ಕ್ಕೆ ಕರೆದು ಮತ್ತೆ ಬೆಳಿಗ್ಗೆ 6ಕ್ಕೆ ಕರೆದರೆ ನಡುವೆ 13 ಗಂಟೆ. ಹಗಲಿನ ಅಂತರ 11 ಗಂಟೆ. ಅಂತರ ಹೆಚ್ಚಾದಷ್ಟೂ ಹಾಲು ಜಾಸ್ತಿ, ಫ್ಯಾಟ್ ಕಡಿಮೆ. ಹೊತ್ತು ಹೊಂದಿಸಿಕೊಂಡರೆ ವ್ಯತ್ಯಾಸ ತಗ್ಗುತ್ತದೆ.

ಹೆಚ್ಚಿನವರು ಗಮನಿಸದ ಕಾರಣ ಬೇರೆ ಇದೆ. ಕೆಚ್ಚಲಿನಿಂದ ಮೊದಲು ಬರುವ ಹಾಲಿನಲ್ಲಿ ಫ್ಯಾಟ್ ಶೇ 1ರಿಂದ 2 ಇದ್ದರೆ, ಕೊನೆಯಲ್ಲಿ ಹಿಂಡುವ ಹಾಲಿನಲ್ಲಿ ಅದು ಹಲವು ಪಟ್ಟು. ಬೆಳಿಗ್ಗೆ ಅವಸರದಲ್ಲಿ ಪೂರ್ತಿ ಕರೆಯದೆ ಬಿಟ್ಟರೆ, ಇಲ್ಲವೇ ಕೊನೆಯ ಹಾಲು ಕರುವಿಗಿರಲಿ ಎಂದು ಬಿಟ್ಟರೆ, ಫ್ಯಾಟೆಲ್ಲ ಕರುವಿನ ಪಾಲು. ಕರುವಿಗೆ ಮೊದಲ ಹಾಲು ಕುಡಿಸಿ, ಕೊನೆಯದನ್ನು ನೀವು ಕರೆದುಕೊಳ್ಳಿ.

ಮೇವಿನದು ಇನ್ನೊಂದು ಮುಖ್ಯ ಕಾರಣ. ಹಾಲಿನ ಕೊಬ್ಬಿಗೆ ಬೇಕಾದ ಕಚ್ಚಾವಸ್ತು ನಾರು. ಹಸುವಿನ ದೊಡ್ಡ ಹೊಟ್ಟೆಯಲ್ಲಿ ಅದು ಹುದುಗು ಬಂದು ಅಸಿಟೇಟ್ ಎಂಬ ಪದಾರ್ಥ ಆಗಬೇಕು, ಕೊಬ್ಬು ತಯಾರಾಗುವುದು ಅದರಿಂದ. ಎಳೆ ಜೋಳದ ಹಸಿ ಮೇವು ತುಂಬ ಹಾಕಿ ಒಣಹುಲ್ಲು ನಿಲ್ಲಿಸಿದರೆ, ಇಲ್ಲವೇ ಹಿಂಡಿ, ಬೂಸಾ ಅತಿಯಾದರೆ ಲೀಟರ್ ಏರಿ ಫ್ಯಾಟ್ ಇಳಿಯುತ್ತದೆ. ಒಣ ತೂಕದ ಲೆಕ್ಕದಲ್ಲಿ ಅರ್ಧದಷ್ಟಾದರೂ ಮೇವೇ ಇರಲಿ. ಪಶು ಆಹಾರ ಹಸುವಿನ ಮೈ ಪೋಷಣೆಗೆ ದಿನಕ್ಕೆ ಒಂದೂವರೆಯಿಂದ ಎರಡು ಕೆ.ಜಿ., ಅದರ ಮೇಲೆ ಲೀಟರ್ ಹಾಲಿಗೆ 400 ಗ್ರಾಂ ಸಾಕು. ಕರು ಹಾಕಿದ ಮೊದಲ ಎರಡು ಮೂರು ತಿಂಗಳು ಫ್ಯಾಟ್ ಕಡಿಮೆಯೇ ಇರುತ್ತದೆ, ಗಾಬರಿ ಬೇಡ.

ಎಸ್‌ಎನ್‌ಎಫ್ ಲೆಕ್ಕ ನೀವೇ ಹಾಕಬಹುದು. ಲ್ಯಾಕ್ಟೋಮೀಟರ್ (ಹಾಲಿನ ಸಾಂದ್ರತೆ ಅಳೆಯುವ ತೇಲು ಮಾಪಕ) ತೋರಿಸುವ ಡಿಗ್ರಿಯನ್ನು 4ರಿಂದ ಭಾಗಿಸಿ, ಫ್ಯಾಟ್ ಅನ್ನು 0.21ರಿಂದ ಗುಣಿಸಿ, ಎರಡನ್ನೂ ಕೂಡಿಸಿ 0.36 ಸೇರಿಸಿ. ಡಿಗ್ರಿ 28, ಫ್ಯಾಟ್ 4.0 ಆದರೆ 7 + 0.84 + 0.36 = 8.20. ಡಿಗ್ರಿ 29 ಆದರೆ 8.45. ಕೊನೆಯ ಸಂಖ್ಯೆ (0.36) ಹಾಲು ಒಕ್ಕೂಟದಿಂದ ಒಕ್ಕೂಟಕ್ಕೆ ಕೊಂಚ ಬೇರೆಯಾಗಬಹುದು, ನಿಮ್ಮಲ್ಲಿ ಯಾವುದು ಎಂದು ಕೇಳಿಕೊಳ್ಳಿ. ನೂರು ಲೀಟರ್‌ನಲ್ಲಿ ಹತ್ತು ಲೀಟರ್ ನೀರಿದ್ದರೆ 28 ಇದ್ದ ಡಿಗ್ರಿ ಸುಮಾರು 25ಕ್ಕೆ ಬೀಳುತ್ತದೆ. ಕೆನೆ ತೆಗೆದರೆ ಡಿಗ್ರಿ ಏರುತ್ತದೆ. ಕೆನೆ ತೆಗೆದು ನೀರೂ ಬೆರೆಸಿದವರು ಬರೀ ಡಿಗ್ರಿ ನೋಡುವ ಕಡೆ ಪಾರಾಗುವುದು ಹೀಗೆ. ಎರಡನ್ನೂ ಅಳೆಯುವುದು ಅದಕ್ಕೇ.

ಈಗ ಅನುಮಾನಕ್ಕೆ ನಿಜವಾದ ಜಾಗ: ಸ್ಯಾಂಪಲ್. ಮನೆಯಿಂದ ತಂದು ಸಾಲಿನಲ್ಲಿಟ್ಟ ಹಾಲಿನಲ್ಲಿ ಕೆನೆ ಮೇಲೇರಿರುತ್ತದೆ. ಮೇಲಿನಿಂದ ತೆಗೆದರೆ ಫ್ಯಾಟ್ ಹೆಚ್ಚು, ತಳದಿಂದಾದರೆ ಕಡಿಮೆ. ಹಾಲನ್ನು ಅಳತೆಯ ಪಾತ್ರೆಗೆ ಸುರಿದು, ಮೇಲೆ ಕೆಳಗೆ ನಾಲ್ಕೈದು ಸಲ ಕಲಕಿ, ಆಮೇಲೆ ಸ್ಯಾಂಪಲ್ ತೆಗೆಯಬೇಕು. ನಿಮ್ಮ ಕಣ್ಣೆದುರಿಗೇ ತೆಗೆಯಲಿ ಎಂದು ಕೇಳಿ, ಅದರಲ್ಲಿ ಸಂಕೋಚಪಡುವಂಥದ್ದೇನಿಲ್ಲ. ಚೀಟಿ ಕೊಡದೆ ಬಾಯಲ್ಲಿ ಅಂಕಿ ಹೇಳಿದರೆ ಒಪ್ಪಬೇಡಿ.

ಪ್ರಶ್ನೆ: ನಮ್ಮ ಅಲ್ಟ್ರಾಸೋನಿಕ್ ಮೆಷಿನ್‌ಗೂ ಒಕ್ಕೂಟದ ಗರ್ಬರ್ ಪರೀಕ್ಷೆಗೂ 0.3 ವ್ಯತ್ಯಾಸ ಬರುತ್ತಿದೆ. ಎಲ್ಲಿ ಹುಡುಕಲಿ?
– ಸಂಘದ ಹಾಲು ಪರೀಕ್ಷಕ, ಅರಸೀಕೆರೆ

ಉತ್ತರ: ಮೊದಲು ಮೆಷಿನ್ ಕಡೆ ನೋಡಿ. ಅದು ಹಾಲಿನೊಳಗೆ ಶಬ್ದದ ಅಲೆ ಹಾಯಿಸಿ ಲೆಕ್ಕ ಹಾಕುತ್ತದೆ, ಆದ್ದರಿಂದ ಗುಳ್ಳೆಯೇ ಅದರ ಶತ್ರು. ನೊರೆ ಇರುವ ಹಾಲನ್ನು ತಕ್ಷಣ ಇಡಬೇಡಿ, ಒಂದೆರಡು ನಿಮಿಷ ಬಿಡಿ. ಹಸುವಿನ ಹಾಲಿಗೆ, ಎಮ್ಮೆ ಹಾಲಿಗೆ ಮೆಷಿನ್‌ನ ಚಾನೆಲ್ (ಸೆಟ್ಟಿಂಗ್) ಬೇರೆ. ಬೆಳಗಿನ ಗಡಿಬಿಡಿಯಲ್ಲಿ ಬದಲಿಸುವುದು ಮರೆತುಹೋಗುತ್ತದೆ. ಹುಳಿ ಹಿಡಿದ ಹಾಲು ಒಳಗಿನ ಸಣ್ಣ ಕೊಳವೆಯಲ್ಲಿ ಗಟ್ಟಿಯಾಗಿ ಕೂರುತ್ತದೆ. ಪ್ರತಿ ಹೊತ್ತು ಮುಗಿದ ಮೇಲೆ ಬಿಸಿನೀರು, ಕಂಪನಿ ಹೇಳಿದ ಕ್ಷಾರದ ದ್ರಾವಣ ಹಾಯಿಸಿ; ಒಳಗೆ ಗಟ್ಟಿಯಾಗಿ ಕಟ್ಟಿಕೊಳ್ಳುವ ಹಾಲುಗಲ್ಲು ಬಿಡಿಸಲು ಆಮ್ಲದ ದ್ರಾವಣ ವಾರಕ್ಕೊಮ್ಮೆ.

ಇಷ್ಟಾದರೂ ಅದೇ ವ್ಯತ್ಯಾಸವಿದ್ದರೆ ಗರ್ಬರ್ ಕಡೆ ಬನ್ನಿ. ಬ್ಯುಟೈರೋಮೀಟರ್‌ಗೆ (ಕೊಬ್ಬು ಓದುವ ಗೀಟುಗಳಿರುವ ಗಾಜಿನ ಕೊಳವೆ) ಮೊದಲು 10 ಮಿ.ಲೀ. ಗಂಧಕಾಮ್ಲ, ಕೊಳವೆಯ ಕತ್ತಿನ ಭಾಗಕ್ಕೆ ತಾಗದಂತೆ. ಆಮೇಲೆ 10.75 ಮಿ.ಲೀ. ಹಾಲು, ಗೋಡೆಗುಂಟ ನಿಧಾನವಾಗಿ ಇಳಿಯಲಿ. ಕೊನೆಗೆ 1 ಮಿ.ಲೀ. ಅಮೈಲ್ ಆಲ್ಕೋಹಾಲ್. ಬಿರಡೆ ಬಿಗಿದು, ಬಟ್ಟೆಯಲ್ಲಿ ಸುತ್ತಿ ಹಿಡಿದು, ಬಿಳಿ ಗೆಡ್ಡೆ ಒಂದೂ ಉಳಿಯದ ಹಾಗೆ ಕುಲುಕಿ. ಕೈ ಸುಡುವಷ್ಟು ಕಾಯುತ್ತದೆ. ನಿಮಿಷಕ್ಕೆ 1,100 ಸುತ್ತಿನಲ್ಲಿ ನಾಲ್ಕೈದು ನಿಮಿಷ ತಿರುಗಿಸಿ, 65 ಡಿಗ್ರಿ ಸೆಲ್ಸಿಯಸ್ ನೀರಿನಲ್ಲಿ ಮೂರರಿಂದ ಐದು ನಿಮಿಷ ಇಟ್ಟು, ತೆಗೆದ ಕೂಡಲೇ ಓದಿ. ಆರಿದ ಮೇಲೆ ಓದಿದರೆ ಕೊಬ್ಬು ಕುಗ್ಗಿ ಅಂಕಿ ಕಡಿಮೆ ಬರುತ್ತದೆ.

ಕೊಬ್ಬಿನ ಕಂಬದ ಕೆಳಗೆ ಕಪ್ಪು ಚುಕ್ಕೆ ಕಂಡರೆ ಆಮ್ಲ ತೀರಾ ಗಾಢ, ಇಲ್ಲವೇ ಹಾಲು ಬಿಸಿಯಿತ್ತು. ಬಿಳಿ ಪದರ ಕಂಡರೆ ಆಮ್ಲ ಸಪ್ಪೆಯಾಗಿದೆ. ಬಾಟಲಿ ತೆರೆದಿಟ್ಟರೆ ಅದು ಗಾಳಿಯ ತೇವ ಎಳೆದುಕೊಳ್ಳುತ್ತದೆ. ಅಮೈಲ್ ಆಲ್ಕೋಹಾಲ್ ಮೇಲೆ ಸಂಶಯವಿದ್ದರೆ ಹಾಲಿನ ಬದಲು ಅಷ್ಟೇ ನೀರು ಹಾಕಿ ಪರೀಕ್ಷೆ ಮಾಡಿ. ಆಮ್ಲದ ಮೇಲೆ ನೀರನ್ನು ಒಮ್ಮೆಲೇ ಸುರಿದರೆ ಸಿಡಿಯುತ್ತದೆ, ತೊಟ್ಟು ತೊಟ್ಟಾಗಿ ಬಿಡಿ. ಮೇಲೆ ಎಣ್ಣೆಯ ಪದರ ನಿಂತರೆ ಆ ಬಾಟಲಿ ಎಸೆಯಿರಿ, ಅದು ಎಲ್ಲರ ಫ್ಯಾಟನ್ನೂ ಸುಳ್ಳೇ ಏರಿಸುತ್ತಿದೆ.

0.3 ಎಂದರೆ ಸಣ್ಣದೆಂದು ಬಿಡಬೇಡಿ. ಮೆಷಿನ್ ಕಡಿಮೆ ತೋರಿಸಿದರೆ ಆ ದುಡ್ಡು ಉತ್ಪಾದಕರ ಜೇಬಿನಿಂದ ಹೋಗುತ್ತದೆ, ಹೆಚ್ಚು ತೋರಿಸಿದರೆ ಸಂಘದ ಲೆಕ್ಕದಿಂದ.

ಪ್ರಶ್ನೆ: ಬಿಎಂಸಿ (ಎಲ್ಲರ ಹಾಲನ್ನೂ ಒಟ್ಟಿಗೆ ತಣ್ಣಗಿಡುವ ದೊಡ್ಡ ತೊಟ್ಟಿ) ಬಂದ ಮೇಲೆ ಹತ್ತು ನಿಮಿಷ ತಡವಾದರೂ ಹಾಲು ತೆಗೆದುಕೊಳ್ಳುವುದಿಲ್ಲ. ಕ್ಯಾನ್ ಇದ್ದಾಗಲೇ ವಾಸಿಯಿತ್ತು, ಅಲ್ಲವೇ?
– ಓದುಗರು, ಚಿಂತಾಮಣಿ

ಉತ್ತರ: ಕೆಚ್ಚಲಿನ ಬಿಸಿಯಲ್ಲೇ ಇರುವ ಹಾಲಿನಲ್ಲಿ ಬ್ಯಾಕ್ಟೀರಿಯಾ ಅರ್ಧ ಗಂಟೆಗೊಮ್ಮೆ ದುಪ್ಪಟ್ಟಾಗಬಲ್ಲದು. ಬಿಎಂಸಿ ಅದನ್ನು 4 ಡಿಗ್ರಿಗೆ ಇಳಿಸಿ ಕಟ್ಟಿಹಾಕುತ್ತದೆ. ತಣ್ಣಗಾದ ತೊಟ್ಟಿಗೆ ತಡವಾಗಿ ಬಂದ ಬಿಸಿ ಹಾಲು ಸುರಿದರೆ ಒಟ್ಟು ಹಾಲಿನ ಉಷ್ಣತೆ ಏರುತ್ತದೆ. ಅದು 10 ಡಿಗ್ರಿ ದಾಟದಂತೆ ನೋಡಿಕೊಳ್ಳಬೇಕು. ಕ್ಯಾನ್ ಹಾಳಾದರೆ 40 ಲೀಟರ್ ಹೋಗುತ್ತಿತ್ತು, ಈಗ ಒಬ್ಬರ ಹುಳಿ ಹಾಲು ಇಡೀ ತೊಟ್ಟಿಯನ್ನು ಕೆಡಿಸುತ್ತದೆ. ಹಾಗಾಗಿ 5 ಮಿ.ಲೀ. ಹಾಲಿಗೆ ಅಷ್ಟೇ ಪ್ರಮಾಣದ ಶೇ 68ರ ಆಲ್ಕೋಹಾಲ್ ಬೆರೆಸಿ, ಚೂರು ಚೂರಾಗಿ ಒಡೆಯುತ್ತದೆಯೇ ಎಂದು ನೋಡುವ ಪರೀಕ್ಷೆ ಸುರಿಯುವ ಮುಂಚೆಯೇ ಆಗಬೇಕು. ಕೆಚ್ಚಲು ಬಾವಿಗೆ ಔಷಧ ಕೊಟ್ಟ ಹಸುವಿನ ಹಾಲನ್ನು ವೈದ್ಯರು ಹೇಳಿದಷ್ಟು ದಿನ ಡೇರಿಗೆ ತರಲೇಬೇಡಿ. ಹತ್ತು ನಿಮಿಷದ ವಿಷಯದಲ್ಲಿ ಮಾತ್ರ ನಿಮ್ಮ ದೂರಿನಲ್ಲಿ ನ್ಯಾಯವಿದೆ: ಹೊತ್ತನ್ನು ಟ್ಯಾಂಕರ್ ಅನುಕೂಲಕ್ಕಷ್ಟೇ ನೋಡದೆ ಸದಸ್ಯರ ಸಭೆಯಲ್ಲಿ ಗೊತ್ತುಮಾಡಲಿ.

ಪ್ರಶ್ನೆ: ಹೆಣ್ಣು ಕರುವೇ ಹುಟ್ಟುವ ಸೂಜಿ ಹಾಕಿಸಬಹುದೇ?
– ರೈತ, ಚನ್ನರಾಯಪಟ್ಟಣ

ಉತ್ತರ: ಹಾಕಿಸಬಹುದು, ಹಸು ನೋಡಿ. ಇದು ಹೆಣ್ಣು ಕರು ಹುಟ್ಟಿಸುವ ವೀರ್ಯಾಣುಗಳನ್ನು ಬೇರ್ಪಡಿಸಿ ಮಾಡುವ ಕೃತಕ ಗರ್ಭಧಾರಣೆ. ಟ್ರ್ಯಾಕ್ಟರ್, ಟಿಲ್ಲರ್ ಬಂದ ಮೇಲೆ ಗಂಡು ಕರು ಸಾಕುವ ಖರ್ಚು ವಾಪಸ್ ಬರುವುದಿಲ್ಲ, ಈ ತಂತ್ರಕ್ಕೆ ಬೇಡಿಕೆ ಬಂದದ್ದೇ ಹಾಗೆ. ಹೆಣ್ಣು ಕರು ಹುಟ್ಟಿಸುವ ವೀರ್ಯಾಣುವಿನಲ್ಲಿ ಡಿಎನ್‌ಎ ಸುಮಾರು ಶೇ 4ರಷ್ಟು ಹೆಚ್ಚು. ಹೊಳೆಯುವ ಬಣ್ಣ ಸೇರಿಸಿ, ಲೇಸರ್‌ನಲ್ಲಿ ನೋಡಿ ಒಂದೊಂದನ್ನೇ ಬೇರ್ಪಡಿಸುವುದು ಒಂದು ವಿಧಾನ. ಹೆಣ್ಣಾಗುವ ಸಾಧ್ಯತೆ ಶೇ 90ರ ಆಸುಪಾಸು. ಆದರೆ ಮಾಮೂಲಿ ಕಡ್ಡಿಯಲ್ಲಿ (ವೀರ್ಯ ತುಂಬಿದ ಸಣ್ಣ ಕೊಳವೆ) 2 ಕೋಟಿ ವೀರ್ಯಾಣು ಇದ್ದರೆ ಇದರಲ್ಲಿ ಸುಮಾರು 20ರಿಂದ 40 ಲಕ್ಷವಷ್ಟೇ, ಗರ್ಭ ನಿಲ್ಲುವ ಪ್ರಮಾಣವೂ ಕಡಿಮೆ. ತಪ್ಪಿದರೆ 21 ದಿನ ಹೋದ ಹಾಗೆ. ಆದ್ದರಿಂದ ಪಡ್ಡೆಗೆ (ಇನ್ನೂ ಕರು ಹಾಕದ ಎಳೆ ಹಸು), ಒಂದೆರಡು ಕರು ಹಾಕಿದ ಆರೋಗ್ಯವಂತ ಹಸುವಿಗೆ ಮಾತ್ರ ಹಾಕಿಸಿ. ಪದೇ ಪದೇ ಬೆದೆಗೆ ಬರುವ ಹಸುವಿಗೆ ಬೇಡ.

ಮಾಮೂಲಿಯಾಗಿ ಬೆಳಿಗ್ಗೆ ಬೆದೆ ಕಂಡರೆ ಸಂಜೆ, ಸಂಜೆ ಕಂಡರೆ ಮರುದಿನ ಬೆಳಿಗ್ಗೆ ಹಾಕಿಸುತ್ತೇವೆ. ಇದಕ್ಕೆ ಇನ್ನೂ ಕೊಂಚ ತಡ ಮಾಡುವುದು ಒಳ್ಳೆಯದು, ಬೆದೆ ಶುರುವಾದ 16ರಿಂದ 24 ಗಂಟೆಯೊಳಗೆ. ಕಡ್ಡಿಯನ್ನು ದ್ರವ ಸಾರಜನಕದಿಂದ ತೆಗೆದು 37 ಡಿಗ್ರಿ ನೀರಿನಲ್ಲಿ 30 ಸೆಕೆಂಡ್ ಅದ್ದುತ್ತಾರೆಯೇ ನೋಡಿ, ಅಂಗೈಯಲ್ಲಿ ಉಜ್ಜಿ ಬಿಸಿ ಮಾಡಿದರೆ ಬೇಡವೆನ್ನಿ. ಕಡ್ಡಿಯ ಮೇಲಿನ ಹೋರಿ ಸಂಖ್ಯೆ ಬರೆದಿಟ್ಟುಕೊಳ್ಳಿ, ಹುಟ್ಟುವ ಕರು ಪಡ್ಡೆಯಾದಾಗ ಅದಕ್ಕೆ ಅದೇ ಹೋರಿಯದು ಹಾಕಿಸಬಾರದು.