ನಿಮ್ಮ ಕಡಲಿನ ಮೇಲೆ ಚಂದ್ರ ಎಲ್ಲಿದ್ದಾನೆ?

ಪ್ರಿಯ ಲೇಖಕರೆ,

ನೀವು ಕಳಿಸಿದ ಕಾದಂಬರಿಯ ಮೊದಲ ಆರು ಅಧ್ಯಾಯಗಳನ್ನು ಎರಡು ಸಲ ಓದಿದೆ. ಮೊದಲ ಸಲ ಖುಷಿಯಿಂದ. ಎರಡನೇ ಸಲ ಪೆನ್ಸಿಲ್ ಹಿಡಿದು, ಸ್ವಲ್ಪ ಸಿಟ್ಟಿನಿಂದ.

ಖುಷಿಯ ಮಾತನ್ನು ಮೊದಲೇ ಮುಗಿಸಿಬಿಡುತ್ತೇನೆ. ಕಡಲು ಉಬ್ಬಿದಾಗ ಮಂತ್ರಕ್ಕೆ ಬಲ, ಇಳಿದಾಗ ಮಂತ್ರ ಸಪ್ಪೆ ಎಂಬ ನಿಮ್ಮ ಕಲ್ಪನೆ ಚೆನ್ನಾಗಿದೆ. ನೀರು ಸರಿದುಹೋದ ಕೆಸರು ನೆಲದಲ್ಲಿ ಆ ಮುದುಕಿ ತಾನು ಹಿಂದೆಂದೋ ಕಳೆದುಕೊಂಡ ಮಂತ್ರವನ್ನು ಚಿಪ್ಪುಗಳ ನಡುವೆ ಹುಡುಕುತ್ತಾಳಲ್ಲ, ಆ ದೃಶ್ಯ ಎರಡು ದಿನ ನನ್ನ ತಲೆಯಿಂದ ಹೋಗಲಿಲ್ಲ. ಭಾಷೆಯೂ ಹದವಾಗಿದೆ. ಸರಿ, ಇನ್ನು ಜಗಳ.

14ನೇ ಪುಟ. ‘ಹುಣ್ಣಿಮೆಯ ನಡುರಾತ್ರಿ ಉಬ್ಬರ ತುಂಬಿ ಬಂತು.’ ತಕರಾರಿಲ್ಲ. ಆ ಊರಿನಲ್ಲಿ ಹುಣ್ಣಿಮೆಯ ಉಬ್ಬರ ನಡುರಾತ್ರಿಗೆ ಅಂತ ನೀವೇ ಗೊತ್ತು ಮಾಡಿದಿರಿ. ನಾನೂ ಒಪ್ಪಿ ಮುಂದೆ ಹೋದೆ.

19ನೇ ಪುಟ. ‘ಮೂರನೆಯ ದಿನವೂ ಸರಿಯಾಗಿ ನಡುರಾತ್ರಿಗೆ ನೀರು ಏರಿತು.’ ಇಲ್ಲಿ ಪೆನ್ಸಿಲ್ ನಿಂತಿತು. ಒಂದು ಉಬ್ಬರದಿಂದ ಇನ್ನೊಂದಕ್ಕೆ ಸುಮಾರು 12 ಗಂಟೆ 25 ನಿಮಿಷ. ಅಂದರೆ ಉಬ್ಬರದ ಹೊತ್ತು ದಿನಕ್ಕೆ ಸರಾಸರಿ 50 ನಿಮಿಷ ಮುಂದಕ್ಕೆ ಹೋಗುತ್ತದೆ. ಮೂರು ದಿನಕ್ಕೆ ಎರಡು ಗಂಟೆಯ ಮೇಲಾಯಿತು. ನಿಮ್ಮ ನಾಯಕಿ ನಡುರಾತ್ರಿ ಕೋಟೆಯ ಗೋಡೆ ಹತ್ತಿದಾಗ ನೀರು ಇನ್ನೂ ಏರುತ್ತಿರಬೇಕು. ಕೈಯಲ್ಲಿ ಅರೆಬರೆ ಮಂತ್ರ, ಎದುರಿಗೆ ಪೂರ್ತಿ ಸೈನ್ಯ, ಎರಡು ಗಂಟೆ ಕಾಲ ತಳ್ಳಬೇಕು. ಎಂಥ ದೃಶ್ಯ ಸಿಗುತ್ತಿತ್ತು ನೋಡಿ! ನೀವು ಅದನ್ನು ಒಂದೇ ಸಾಲಿನಲ್ಲಿ ಕೊಂದಿದ್ದೀರಿ.

27ನೇ ಪುಟವಂತೂ ನನ್ನ ಊಟ ಕೆಡಿಸಿತು. ‘ಹುಣ್ಣಿಮೆ ಕಳೆದು ವಾರವಾಗಿತ್ತು. ಅರ್ಧ ಚಂದ್ರ ನೆತ್ತಿಯ ಮೇಲೆ ಹೊಳೆಯುತ್ತಿದ್ದ ಆ ನಡುರಾತ್ರಿ, ಯಾರೂ ಕಂಡಿರದ ಮಹಾ ಉಬ್ಬರವೆದ್ದಿತು.’ ಎರಡು ವಾಕ್ಯ, ಮೂರು ತಪ್ಪು. ಹುಣ್ಣಿಮೆ ಕಳೆದ ವಾರಕ್ಕೆ ಅರ್ಧ ಚಂದ್ರ ಮೂಡುವುದೇ ನಡುರಾತ್ರಿಯ ಆಸುಪಾಸಿನಲ್ಲಿ. ಅವನು ನೆತ್ತಿಗೆ ಬರುವಾಗ ಬೆಳಗಾಗಿರುತ್ತದೆ. ಇದು ಮೊದಲನೆಯದು. ಅಮಾವಾಸ್ಯೆ, ಹುಣ್ಣಿಮೆಗಳ ಹೊತ್ತಿಗೆ ಸೂರ್ಯ ಚಂದ್ರ ಒಂದೇ ಗೆರೆಯಲ್ಲಿ ನಿಂತು ಜೊತೆಯಾಗಿ ಎಳೆಯುತ್ತಾರೆ, ಆಗ ದೊಡ್ಡ ಉಬ್ಬರ. ಅರ್ಧ ಚಂದ್ರನ ದಿನ ಇಬ್ಬರೂ ಅಡ್ಡಡ್ಡ ಎಳೆಯುತ್ತಾರೆ. ಕಡಲಿನ ಮೇಲೆ ಸೂರ್ಯನ ಜೋರು ಚಂದ್ರನದರ ಅರ್ಧಕ್ಕಿಂತ ಸ್ವಲ್ಪ ಕಡಿಮೆ, ಆದರೂ ಚಂದ್ರನ ಕೆಲಸ ಕೆಡಿಸಲು ಅಷ್ಟು ಸಾಕು. ಹಾಗಾಗಿ ಆ ಹೊತ್ತಿನ ಉಬ್ಬರ ತಿಂಗಳಲ್ಲೇ ಸಣ್ಣದು. ಮೂರನೆಯದು ಇನ್ನೂ ಮಜಾ. ದಿನಕ್ಕೆ 50 ನಿಮಿಷದಂತೆ ಏಳು ದಿನ ಕೂಡಿಸಿ, ಹತ್ತಿರ ಹತ್ತಿರ ಆರು ಗಂಟೆ ಆಗುತ್ತದೆ. ಅಂದರೆ ನೀವೇ ಗೊತ್ತು ಮಾಡಿದ ಆ ಊರಿನಲ್ಲಿ, ಆ ನಡುರಾತ್ರಿ, ನೀರು ಪೂರ್ತಿ ಇಳಿದಿರಬೇಕು. ನಿಮ್ಮ ನಾಯಕಿ ಮಂತ್ರ ಹಾಕುತ್ತಿರುವುದು ಕೆಸರಿನ ಮುಂದೆ ನಿಂತು.

‘ಇದು ಕಲ್ಪನೆಯ ಲೋಕ, ಅಲ್ಲಿನ ನಿಯಮ ಬೇರೆ’ ಅಂತ ನೀವು ಜೊತೆಯ ಪತ್ರದಲ್ಲಿ ಮೊದಲೇ ಬೇಲಿ ಹಾಕಿಕೊಂಡಿದ್ದೀರಿ. ನಿಜ ಹೇಳಲಾ? ನನಗೆ ಸಿಟ್ಟು ಬಂದದ್ದು ಆ ಸಾಲಿಗೆ. ನಿಯಮ ಬೇರೆ ಇರಲಿ, ಬೇಡ ಅಂದವರು ಯಾರು? ಎರಡು ಚಂದ್ರರನ್ನು ಇಡಿ. ದಿನಕ್ಕೆ ಒಂದೇ ಉಬ್ಬರ ಇಡಿ, ಈ ಭೂಮಿಯ ಮೇಲೂ ಅಂಥ ಕರಾವಳಿಗಳಿವೆ. ಆದರೆ ‘ಚಂದ್ರನೇ ನೀರನ್ನು ಎಳೆಯುತ್ತಾನೆ’ ಅಂತ ಗುರುವಿನ ಬಾಯಲ್ಲಿ ಹೇಳಿಸಿದವರು ನೀವು. ಹುಣ್ಣಿಮೆಗೆ ದೊಡ್ಡ ಉಬ್ಬರ ಅಂತ ಬರೆದವರೂ ನೀವೇ. ನೀವು ಮುರಿದದ್ದು ನನ್ನ ನಿಯಮವನ್ನಲ್ಲ, ನಿಮ್ಮದನ್ನೇ. ಅದೂ ಪ್ರತಿ ಸಲ ನಾಯಕಿ ಕಷ್ಟದಲ್ಲಿದ್ದಾಗ. ನಾಲ್ಕು ಕಾಳಗ, ನಾಲ್ಕಕ್ಕೂ ಉಬ್ಬರ ಹಾಜರು. ಅದು ಕಡಲಲ್ಲ, ಕರೆದಾಗ ಬರುವ ಆಳು.

ನಿಜವಾದ ಯುದ್ಧದಲ್ಲಿ ಹೀಗಾಗಲಿಲ್ಲ. 1943ರ ನವೆಂಬರ್‌ನಲ್ಲಿ ಪೆಸಿಫಿಕ್ ಸಾಗರದ ತರಾವಾ ಹವಳ ದ್ವೀಪಗಳ ಮೇಲೆ ಅಮೆರಿಕದ ಸೈನಿಕರು ಇಳಿದಾಗ ಅರ್ಧ ಚಂದ್ರನ ಸಣ್ಣ ಉಬ್ಬರ. ಹವಳದ ದಿಬ್ಬ ದಾಟುವಷ್ಟು ನೀರೇ ಇರಲಿಲ್ಲ. ದೋಣಿಗಳು ಅಲ್ಲೇ ಸಿಕ್ಕಿಕೊಂಡವು. ಸೈನಿಕರು ನೀರಿಗಿಳಿದು, ಗುಂಡಿನ ಮಳೆಯಲ್ಲಿ, ನೂರಾರು ಮೀಟರ್ ನಡೆಯಬೇಕಾಯಿತು. ಓದುವಾಗ ಮೈ ಜುಮ್ಮೆನ್ನುವುದು ಅಲ್ಲಿ. ನಿಮ್ಮ ನಾಲ್ಕು ಕಾಳಗದಲ್ಲಿ ಒಂದರಲ್ಲಾದರೂ ನೀರು ಕೈ ಕೊಡಲಿ.

ಇಷ್ಟು ಜೋರು ಮಾಡುವ ಹಕ್ಕು ನನಗಿದೆ ಅಂತಲ್ಲ. ಇಪ್ಪತ್ತೆರಡರ ವಯಸ್ಸಿನಲ್ಲಿ ಒಂದು ಪತ್ರಿಕೆಯಲ್ಲಿ ಕರಡು ತಿದ್ದುತ್ತಿದ್ದೆ. ಒಂದು ಕತೆ ಬರೆದು ಸಂಪಾದಕರ ಮೇಜಿನ ಮೇಲೆ ಇಟ್ಟೆ. ಸಂಜೆ, ಅಗಲುವ ಪ್ರೇಮಿಗಳು, ‘ಪೂರ್ವದಲ್ಲಿ ಬಿದಿಗೆ ಚಂದ್ರ ಮೂಡಿದ.’ ಕತೆ ವಾಪಸ್ ಬಂತು. ಎಲ್ಲೂ ಒಂದು ಗೀಟಿಲ್ಲ, ಆ ಸಾಲಿನ ಪಕ್ಕ ಮಾತ್ರ ಒಂದು ಪ್ರಶ್ನಾರ್ಥಕ ಚಿಹ್ನೆ. ಕಾಗುಣಿತ ತಪ್ಪೇನೋ ಅಂತ ನಾಲ್ಕು ದಿನ ನಿಘಂಟು ತಿರುವಿದೆ. ಕೊನೆಗೆ ಹೋಗಿ ಕೇಳಿದೆ. ಅವರು ತಲೆ ಎತ್ತದೆ, ‘ಬಿದಿಗೆ ಚಂದ್ರನ್ನ ಯಾವತ್ತಾದ್ರೂ ನೋಡಿದ್ದೀಯೇನಪ್ಪಾ?’ ಅಂದರು. ನೋಡಿರಲಿಲ್ಲ. ಪದ್ಯಗಳಲ್ಲಿ ಓದಿದ್ದೆ, ಅಷ್ಟೇ.

ಮುಂದಿನ ಅಮಾವಾಸ್ಯೆ ಕಳೆದ ಮೇಲೆ ದಿನಾ ತಾರಸಿ ಹತ್ತಿದೆ. ಬಿದಿಗೆ ಚಂದ್ರ ಕಂಡದ್ದು ಪಡುವಣದಲ್ಲಿ, ಸೂರ್ಯ ಮುಳುಗಿದ ಬೆನ್ನಿಗೇ. ನೋಡನೋಡುತ್ತಿದ್ದಂತೆ ಅವನೂ ಮುಳುಗಿದ. ಹುಣ್ಣಿಮೆಯಾದ ಮೇಲೆ ಅವನು ಪ್ರತಿ ರಾತ್ರಿ ಇನ್ನಷ್ಟು ತಡಮಾಡಿ ಬರತೊಡಗಿದ. ಸರಾಸರಿ ಲೆಕ್ಕ ಹಾಕಿದರೆ ಅದೇ 50 ನಿಮಿಷ. ಒಂಬತ್ತನೇ ರಾತ್ರಿ ಕಾದು ಕಾದು ತಾರಸಿಯಲ್ಲೇ ನಿದ್ದೆ ಹೋದೆ. ಆ ಕತೆ ಎಲ್ಲೂ ಅಚ್ಚಾಗಲಿಲ್ಲ. ಅದು ಅಚ್ಚಾಗುವಂಥದ್ದೂ ಆಗಿರಲಿಲ್ಲ ಬಿಡಿ. ಆದರೆ ಅವತ್ತಿನಿಂದ ಯಾರ ಬರಹದಲ್ಲಿ ಚಂದ್ರ ಕಂಡರೂ ನನ್ನ ಕೈ ಸುಮ್ನೆ ಪಂಚಾಂಗದ ಕಡೆ ಹೋಗುತ್ತದೆ. ರೋಗ ಅಂತಲೇ ಅಂದುಕೊಳ್ಳಿ.

ಇನ್ನೊಂದು ಸಾಲು ಉಳಿದಿದೆ. ‘ಕಣ್ಣು ಮಿಟುಕಿಸುವಷ್ಟರಲ್ಲಿ ಉಬ್ಬರ ಗೋಡೆಯಂತೆ ನುಗ್ಗಿತು.’ ತೆರೆದ ಕಡಲತೀರದಲ್ಲಿ ಹಾಗಾಗುವುದಿಲ್ಲ. ನಾವಿಕರ ಹಳೆಯ ಲೆಕ್ಕವೊಂದಿದೆ. ಒಟ್ಟು ಏರಿಕೆಯನ್ನು ಹನ್ನೆರಡು ಪಾಲು ಮಾಡಿದರೆ ಮೊದಲ ಗಂಟೆಗೆ ಒಂದು ಪಾಲು, ಆಮೇಲೆ ಎರಡು, ಮೂರು, ಮೂರು, ಎರಡು, ಕೊನೆಗೆ ಮತ್ತೆ ಒಂದು. ಅಂದರೆ ಅರ್ಧ ನೀರು ಏರುವುದು ನಡುವಿನ ಎರಡು ಗಂಟೆಯಲ್ಲಿ. ನಿಮ್ಮ ಮಂತ್ರವೂ ಹಾಗೇ ಏರಬೇಡವೇ? ಮೊದಲು ಬೆರಳ ತುದಿಯಲ್ಲಿ ಜುಮುಜುಮು, ಆಮೇಲೆ ತಡೆಯಲಾಗದ ಸೆಳೆತ, ಕೊನೆಗೆ ತುಂಬಿ ನಿಂತ ಮೌನ. ಗೋಡೆಯೇ ಬೇಕು ಅಂತಿದ್ದರೆ ನಕಾಶೆಯಲ್ಲಿ ಲಾಳಿಕೆಯಂಥ ಒಂದು ನದೀಮುಖ ಬರೆಯಿರಿ. ಚೀನಾದ ಚಿಯೆನ್‌ತಾಂಗ್ ನದಿಯಲ್ಲಿ ಉಬ್ಬರ ನಿಜವಾಗಿಯೂ ಗೋಡೆಯಾಗಿ ಬರುತ್ತದೆ. ಕೆನಡಾದ ಫಂಡಿ ಕೊಲ್ಲಿಯಲ್ಲಿ ನೀರು 16 ಮೀಟರ್‌ವರೆಗೂ ಏರುತ್ತದೆ. ಮೆಡಿಟರೇನಿಯನ್ನಿನ ಬಹುಪಾಲು ತೀರಗಳಲ್ಲಿ ಏರಿಳಿತ ಕಣ್ಣಿಗೆ ಕಾಣುವುದೇ ಕಷ್ಟ. ನಿಮ್ಮ ಲೋಕದಲ್ಲಿ ಅಂಥ ಎರಡು ಕರಾವಳಿ ಇದ್ದರೆ ಒಂದು ಕಡೆ ಮಂತ್ರವಾದಿಗಳು ದೊರೆಗಳು, ಇನ್ನೊಂದು ಕಡೆ ಅವರು ಸಂತೆಯಲ್ಲಿ ಆಟ ತೋರಿಸುವವರು. ಇದನ್ನು ಯೋಚಿಸಿದ್ದೀರಾ?

ಗುರುವಿನ ನಾಲ್ಕು ಪುಟದ ಪಾಠವನ್ನು ಪೂರ್ತಿ ತೆಗೆಯಿರಿ. ‘ನಿನಗೆ ಗೊತ್ತಿರುವಂತೆ, ಮಗಳೇ’ ಅಂತ ಶುರುವಾಗುತ್ತದೆ. ಅವಳಿಗೆ ಗೊತ್ತಿದ್ದ ಮೇಲೆ ಹೇಳುವುದೇಕೆ? ಕಡಲ ಪಕ್ಕ ಬೆಳೆದವಳು ಕಲ್ಲಿನ ಮೇಲಿನ ಒದ್ದೆ ಗುರುತು ನೋಡಿ ಹೊತ್ತು ಹೇಳುತ್ತಾಳೆ.

ಹಸ್ತಪ್ರತಿ ವಾಪಸ್ ಕಳಿಸುತ್ತಿದ್ದೇನೆ. ಒಂದು ಹಾಳೆಯಲ್ಲಿ ನಿಮ್ಮ ಕತೆಯ ನಲವತ್ತು ದಿನಗಳನ್ನೂ ಬರೆದು, ಪ್ರತಿ ದಿನದ ಎದುರು ಚಂದ್ರ ಎಷ್ಟು, ನೀರು ತುಂಬುವ ಹೊತ್ತು ಯಾವುದು ಅಂತ ಗುರುತು ಮಾಡಿ. ಆಮೇಲೆ ಕಾಳಗಗಳನ್ನು ಅದರೊಳಗೆ ಕೂರಿಸಿ. ಹೊಸ ಪ್ರತಿಯ ಜೊತೆ ಆ ಹಾಳೆಯನ್ನೂ ಕಳಿಸಿ.

ಮುದುಕಿಯ ದೃಶ್ಯವನ್ನು ಮುಟ್ಟಬೇಡಿ. ಅವಳು ದಡದಿಂದ ಎಷ್ಟು ದೂರ ಹೋಗಿದ್ದಾಳೆ, ನೀರು ತಿರುಗಲು ಇನ್ನೆಷ್ಟು ಹೊತ್ತಿದೆ, ಅದಿಷ್ಟನ್ನು ಮಾತ್ರ ಲೆಕ್ಕ ಹಾಕಿ ನನಗೆ ತಿಳಿಸಿ. ಎರಡು ದಿನದಿಂದ ಅದೇ ಯೋಚನೆ.