ಒಬ್ಬ ಬೇಸ್‌ಬಾಲ್ ಪಿಚರ್ (ಚೆಂಡೆಸೆಯುವವನು) 14 ತಂಡ ಬದಲಿಸಿದ್ದಾನೆ ಅಂದರೆ ಅವನು ಕೆಟ್ಟ ಆಟಗಾರನಾ?

ಖಂಡಿತ ಅಲ್ಲ. ಕೆಟ್ಟವನಾಗಿದ್ದರೆ ಮೂರನೇ ತಂಡವೇ ಕರೆಯುತ್ತಿರಲಿಲ್ಲ, ಅಲ್ವಾ? ಆ ಪಿಚರ್ ಎಡ್ವಿನ್ ಜಾಕ್ಸನ್, 2003ರಿಂದ 2019ರವರೆಗೆ ಅಮೆರಿಕದ ಅತಿ ದೊಡ್ಡ ಬೇಸ್‌ಬಾಲ್ ಲೀಗ್ ಆದ ಮೇಜರ್ ಲೀಗ್‌ನಲ್ಲಿ 14 ತಂಡಗಳಿಗೆ ಆಡಿದ. ಎಲ್ಲರಿಗೂ ಬೇಕಾಗಿದ್ದ, ಆದರೆ ಬಿಟ್ಟುಕೊಡಲೇ ಆಗದಂಥ ಸ್ಟಾರ್ ಆಗಿರಲಿಲ್ಲ.

ಇಷ್ಟೊಂದು ತಂಡ ಬದಲಾಗಲು ಮುಖ್ಯ ಕಾರಣ ಪಿಚರ್‌ಗಳ ತೋಳು. ಪಂದ್ಯ ಶುರುಮಾಡುವ ಪಿಚರ್ ಒಮ್ಮೆ ಆಡಿದರೆ ಸಾಮಾನ್ಯವಾಗಿ ನಾಲ್ಕೈದು ದಿನ ಸುಧಾರಿಸಿಕೊಳ್ಳಬೇಕು, ಸೀಸನ್‌ನಲ್ಲಿ 162 ಪಂದ್ಯ ಇರುತ್ತವೆ, ಮಧ್ಯೆ ಯಾರದ್ದಾದರೂ ಮೊಣಕೈಯೋ ಭುಜವೋ ಕೈಕೊಟ್ಟೇ ಕೊಡುತ್ತದೆ. ಆಗ ತಂಡಕ್ಕೆ ತಕ್ಷಣ ಇನ್ನೊಬ್ಬ ಬೇಕು. ಒಪ್ಪಂದದಲ್ಲಿ ತಡೆ ಇಲ್ಲದಿದ್ದರೆ ಆಟಗಾರನನ್ನು ಕೇಳದೆಯೇ ಬೇರೆ ತಂಡಕ್ಕೆ ಕೊಟ್ಟುಬಿಡಬಹುದು. 2011ರ ಜುಲೈ 27ರಂದು ಚಿಕಾಗೊ ವೈಟ್ ಸಾಕ್ಸ್ ಜಾಕ್ಸನ್‌ನನ್ನು ಟೊರಾಂಟೊಗೆ ಕೊಟ್ಟಿತು. ಟೊರಾಂಟೊ ಅದೇ ದಿನ ಸೇಂಟ್ ಲೂಯಿಸ್‌ಗೆ ದಾಟಿಸಿತು! ಪಾಪ. ಆದರೆ ಆ ವರ್ಷ ವರ್ಲ್ಡ್ ಸೀರೀಸ್, ಅಂದರೆ ಲೀಗ್‌ನ ಫೈನಲ್, ಗೆದ್ದದ್ದು ಸೇಂಟ್ ಲೂಯಿಸೇ.

ಇನ್ನೊಂದು ವಿಷಯ, ಅವನಿಗೆ ವೇಗ ಜಾಸ್ತಿ, ಹಿಡಿತ ಕಡಿಮೆ. 2010ರಲ್ಲಿ ಅರಿಜೋನಾ ಪರ ಟ್ಯಾಂಪಾ ಬೇ ವಿರುದ್ಧ ಇಡೀ ಪಂದ್ಯದಲ್ಲಿ ಒಂದೂ ಹಿಟ್ (ಬ್ಯಾಟರ್ ಚೆಂಡು ಹೊಡೆದು ಬೇಸ್, ಅಂದರೆ ಮೈದಾನದ ನಿಲ್ದಾಣ, ತಲುಪುವುದು) ಕೊಡಲಿಲ್ಲ. ಅದಕ್ಕೆ 149 ಎಸೆತ ಬೇಕಾದವು, ಜೊತೆಗೆ ಗುರಿ ತಪ್ಪಿ 8 ಸಲ ಬ್ಯಾಟರ್‌ಗೆ ಪುಕ್ಕಟೆ ಬೇಸ್ ಕೊಟ್ಟ.